ಜ್ಯೇಷ್ಠತಾ ಪಟ್ಟಿ ತಪ್ಪಾಗಿದೆಯೇ? ಮನವಿ ಕೊಟ್ಟು ಸುಮ್ನೆ ಕೂರಬೇಡಿ

ಜ್ಯೇಷ್ಠತಾ ಪಟ್ಟಿ, ಅಂದರೆ ಸೀನಿಯಾರಿಟಿ ಲಿಸ್ಟ್, ಬಂದ ದಿನ ಕಚೇರಿಯಲ್ಲಿ ಎಲ್ಲರೂ ಮಾಡುವುದು ಒಂದೇ ಕೆಲಸ. ತಮ್ಮ ಹೆಸರು ಹುಡುಕುತ್ತಾರೆ, ನಂಬರ್ ನೋಡುತ್ತಾರೆ, ಟೀಗೆ ಎದ್ದು ಹೋಗುತ್ತಾರೆ. ತಮ್ಮ ಮೇಲೆ ಯಾರ ಹೆಸರಿದೆ ಎಂದು ನೋಡುವುದಿಲ್ಲ. ಅದು ಗೊತ್ತಾಗುವುದು ಐದಾರು ವರ್ಷದ ಮೇಲೆ, ತಮಗಿಂತ ಆಮೇಲೆ ಸೇವೆಗೆ ಬಂದವರಿಗೆ ಮುಂಬಡ್ತಿ ಆದಾಗ. ಸಿಬ್ಬಂದಿ ಶಾಖೆಯಲ್ಲಿ ಕೂತು ಇದನ್ನು ವರ್ಷಗಟ್ಟಲೆ ನೋಡಿದ್ದೇನೆ. ಕೇಸು ಗಟ್ಟಿ ಇದ್ದವರೇ ಸೋತು ಬಂದಿದ್ದಾರೆ. ಸೋತದ್ದು ನಿಯಮದಿಂದಲ್ಲ, ಕ್ಯಾಲೆಂಡರ್‌ನಿಂದ.

ಇಲ್ಲಿ ಹೇಳುತ್ತಿರುವುದು ಕರ್ನಾಟಕ ರಾಜ್ಯ ಸರ್ಕಾರಿ ನೌಕರರಿಗೆ. ಕೇಂದ್ರದವರ, ನಿಗಮ ಮಂಡಳಿಯವರ ದಾರಿ ಬೇರೆ.

ಹೆಜ್ಜೆ 1: ಕರಡು ಪಟ್ಟಿಯನ್ನು ಮೇಲಿನಿಂದ ಓದಿ

ನಿಮ್ಮ ಹೆಸರಿನಿಂದಲ್ಲ, ಮೊದಲ ಹೆಸರಿನಿಂದ. ಪ್ರತಿ ಹೆಸರಿನ ಮುಂದೆ ವೃಂದಕ್ಕೆ (ಒಂದೇ ದರ್ಜೆಯ ಹುದ್ದೆಗಳ ಗುಂಪು, ಕೇಡರ್) ಸೇರಿದ ದಿನಾಂಕ, ನೇರ ನೇಮಕವೋ ಮುಂಬಡ್ತಿಯೋ, ಷರಾ ಕಾಲಂನಲ್ಲಿ ಏನಿದೆ, ಇಷ್ಟು ನೋಡಿ. ಸೇವಾ ಪುಸ್ತಕ ಪಕ್ಕದಲ್ಲಿರಲಿ.

ಇದಕ್ಕೆ ಆಧಾರ 1957ರ ಜ್ಯೇಷ್ಠತಾ ನಿಯಮಗಳು. ಸಿಬ್ಬಂದಿ ಮತ್ತು ಆಡಳಿತ ಸುಧಾರಣೆ ಇಲಾಖೆಯ ವೆಬ್‌ಸೈಟ್‌ನಲ್ಲಿ ಪುಕ್ಕಟೆ ಸಿಗುತ್ತದೆ. ಕೋರ್ಟಿನ ಎದುರು ಅಂಗಡಿಗಳಲ್ಲಿ ಮಾರುವ ಕೈಪಿಡಿಗಳಿಗೆ ದುಡ್ಡು ಹಾಕಬೇಡಿ. ಎಷ್ಟೋ ಪುಸ್ತಕಗಳಲ್ಲಿ ತಿದ್ದುಪಡಿಯೇ ಸೇರಿರುವುದಿಲ್ಲ.

ಜನ ಎಡವುವ ಮೂರು ಜಾಗ ಹೇಳಿಬಿಡುತ್ತೇನೆ. ಒಂದೇ ಆಯ್ಕೆ ಪಟ್ಟಿಯಿಂದ ಬಂದವರ ನಡುವೆ ಲೆಕ್ಕಕ್ಕೆ ಬರುವುದು ಆಯ್ಕೆಯ ಕ್ರಮಾಂಕ. ಎರಡು ದಿನ ಮೊದಲೇ ಹಾಜರಾದೆ ಎಂದು ಜಗಳ ತೆಗೆದು ಪ್ರಯೋಜನವಿಲ್ಲ. ಎರಡನೆಯದು, ಸ್ವಂತ ಕೋರಿಕೆಯ ಮೇಲೆ ಬೇರೆ ಜ್ಯೇಷ್ಠತಾ ಘಟಕಕ್ಕೆ (ಒಂದೇ ಪಟ್ಟಿಗೆ ಸೇರುವ ನೌಕರರ ಗುಂಪು) ಹೋದರೆ ಅಲ್ಲಿ ಕೊನೆಯವರಾಗಿ ಸೇರುತ್ತೀರಿ. ಗ್ರಾಮ ಆಡಳಿತ ಅಧಿಕಾರಿಯ ಘಟಕ ಜಿಲ್ಲೆ. ಮನೆಯವರು ಇರುವ ಜಿಲ್ಲೆಗೆ ಕೇಳಿ ಹೋದವರು ಹತ್ತು ವರ್ಷದ ಮೇಲೆ ಹಳೆಯ ಸೇವೆ ಸೇರಿಸಿ ಎಂದರೆ ನಡೆಯುವುದಿಲ್ಲ. ಮೂರನೆಯದು, ಕರ್ನಾಟಕ ನಾಗರಿಕ ಸೇವಾ ನಿಯಮಗಳ (ಕೆಸಿಎಸ್‌ಆರ್) ನಿಯಮ 32ರ ಸ್ವತಂತ್ರ ಪ್ರಭಾರ. ಮೇಲಿನ ಕುರ್ಚಿಯಲ್ಲಿ ಕೂತಿದ್ದೀರಿ ನಿಜ, ಆದರೆ ಅದು ಮುಂಬಡ್ತಿ ಅಲ್ಲ. ಆ ವರ್ಷಗಳು ಜ್ಯೇಷ್ಠತೆಗೆ ಸಿಗುವುದಿಲ್ಲ.

ಹೆಜ್ಜೆ 2: ಆಕ್ಷೇಪಣೆ

ಪಟ್ಟಿಯ ಜೊತೆಗಿನ ಪತ್ರದಲ್ಲೇ ಗಡುವು ಇರುತ್ತದೆ. ಅದರೊಳಗೆ ಕೊಡಿ. ಎರಡು ಪುಟ ಸಾಕು. ‘ನನಗೆ ಅನ್ಯಾಯವಾಗಿದೆ’ ಎಂದು ಬರೆಯಬೇಡಿ. ‘ಕ್ರಮಸಂಖ್ಯೆ 41ರವರು ಈ ವೃಂದಕ್ಕೆ ಬಂದ ದಿನಾಂಕ ಇದು, ನಾನು ಬಂದದ್ದು ಇದು, ಆದ್ದರಿಂದ ನಾನು ಅವರ ಮೇಲಿರಬೇಕು’ ಎಂದು ಬರೆಯಿರಿ. ವಾಟ್ಸ್‌ಆ್ಯಪ್‌ನಲ್ಲಿ ಓಡಾಡುವ ರೆಡಿ ನಮೂನೆ ಬೇಡವೇ ಬೇಡ. ಇಪ್ಪತ್ತು ಜನ ಒಂದೇ ನಮೂನೆಗೆ ಸಹಿ ಹಾಕಿ ಕೊಟ್ಟರೆ ಕೇಸ್ ವರ್ಕರ್ ಒಂದೇ ಸಾಲಿನಲ್ಲಿ ಇಪ್ಪತ್ತನ್ನೂ ಮುಗಿಸುತ್ತಾನೆ. ನಾನೇ ಮುಗಿಸಿದ್ದೇನೆ. ಟಪಾಲಿನಲ್ಲಿ ಸೀಲು, ದಿನಾಂಕ ಹಾಕಿಸಿಕೊಂಡ ಪ್ರತಿ ಮನೆಯಲ್ಲಿರಲಿ, ಕಚೇರಿಯ ಬೀರುವಿನಲ್ಲಲ್ಲ.

ಹೆಜ್ಜೆ 3: ಅಂತಿಮ ಪಟ್ಟಿ ಬಂದ ದಿನವನ್ನು ಬರೆದಿಡಿ

ಎಲ್ಲರೂ ಕೆಡುವುದು ಇಲ್ಲೇ.

ಆಡಳಿತ ನ್ಯಾಯಮಂಡಳಿಗಳ ಕಾಯ್ದೆ 1985ರ ಕಲಂ 21 ಹೇಳುವುದು ಸರಳ: ಅಂತಿಮ ಆದೇಶವಾದ (ಇಲ್ಲಿ ಅಂತಿಮ ಪಟ್ಟಿ ಹೊರಬಿದ್ದ) ದಿನದಿಂದ ಒಂದು ವರ್ಷದೊಳಗೆ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ (ಕೆಎಟಿ) ಅರ್ಜಿ ಹಾಕಬೇಕು. ನಿಯಮದಲ್ಲೇ ಅವಕಾಶವಿರುವ ಮೇಲ್ಮನವಿ ಅಥವಾ ಮನವಿ ಕೊಟ್ಟು ಆರು ತಿಂಗಳಾದರೂ ಉತ್ತರ ಬರದಿದ್ದರೆ, ಆ ಆರು ತಿಂಗಳು ಮುಗಿದಲ್ಲಿಂದ ಒಂದು ವರ್ಷ. ಜನ ಈ ಎರಡನೆಯ ಮಾತನ್ನು ಮಾತ್ರ ನೆನಪಿಟ್ಟುಕೊಳ್ಳುತ್ತಾರೆ. ‘ನಿಯಮದಲ್ಲೇ ಅವಕಾಶವಿರುವ’ ಎಂಬುದನ್ನು ಮರೆಯುತ್ತಾರೆ. ಆಮೇಲೆ ಮನವಿ ಮೇಲೆ ಮನವಿ. ನಿರ್ದೇಶಕರಿಗೆ ಒಂದು, ಕಾರ್ಯದರ್ಶಿಗೆ ಒಂದು, ಸಚಿವರು ಪ್ರವಾಸಕ್ಕೆ ಬಂದಾಗ ಹಾರದ ಜೊತೆಗೆ ಇನ್ನೊಂದು. ಒಬ್ಬರ ಫೈಲಿನಲ್ಲಿ 17 ಮನವಿ ಎಣಿಸಿದ್ದೆ. ಪ್ರತಿಯೊಂದಕ್ಕೂ ಸೀಲು ಇತ್ತು. ಹದಿನೇಳರಲ್ಲಿ ಒಂದಾದರೂ ಗಡಿಯಾರ ನಿಲ್ಲಿಸಿರಲಿಲ್ಲ.

ಸುಪ್ರೀಂ ಕೋರ್ಟ್ ಇದನ್ನು ಎಸ್.ಎಸ್. ರಾಠೋರ್ ಪ್ರಕರಣದಲ್ಲಿ 1989ರಲ್ಲೇ ಹೇಳಿದೆ: ಕಾನೂನಿನಲ್ಲಿ ಇಲ್ಲದ ಮನವಿಗಳನ್ನು ಮತ್ತೆ ಮತ್ತೆ ಕೊಟ್ಟರೆ ಕಾಲಮಿತಿ ಬೆಳೆಯುವುದಿಲ್ಲ.

ಇದಕ್ಕೊಂದು ಒಳದಾರಿ ಹೇಳಿಕೊಡುವವರಿದ್ದಾರೆ. ಹಳೆಯ ವಿಷಯಕ್ಕೆ ಹೊಸ ಮನವಿ ಕೊಡಿ, ನ್ಯಾಯಮಂಡಳಿಯಿಂದ ‘ಮನವಿಯನ್ನು ಪರಿಗಣಿಸಿ’ ಎಂದಷ್ಟೇ ಆದೇಶ ತನ್ನಿ, ಇಲಾಖೆ ತಿರಸ್ಕರಿಸಿ ಹಿಂಬರಹ (ಲಿಖಿತ ಉತ್ತರ) ಕೊಡುತ್ತದೆ, ಆ ಹಿಂಬರಹವನ್ನು ಪ್ರಶ್ನಿಸಿ, ತಡ ಎಂಬ ಮಾತೇ ಬರುವುದಿಲ್ಲ ಎನ್ನುತ್ತಾರೆ. ಚೆನ್ನಾಗಿದೆ ಅಲ್ವಾ? 2008ರ ಸಿ. ಜೇಕಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಈ ದಾರಿಗೆ ಅಡ್ಡಗಟ್ಟೆ ಹಾಕಿದೆ. ಸತ್ತ ಹಕ್ಕೊತ್ತಾಯಕ್ಕೆ ಹಿಂಬರಹದಿಂದ ಜೀವ ಬರುವುದಿಲ್ಲ. ಈ ದಾರಿ ಹೇಳಿಕೊಡುವವರಿಗೆ ಎರಡು ಕೇಸಿನ ಫೀಸು ಸಿಗುತ್ತದೆ, ಅಷ್ಟೇ.

‘ನನ್ನದು ಪ್ರತಿ ತಿಂಗಳೂ ಮುಂದುವರಿಯುತ್ತಿರುವ ಅನ್ಯಾಯ’ ಎಂಬ ವಾದವನ್ನೂ ಬಹಳ ಕೇಳಿದ್ದೇನೆ. ಸಂಬಳ, ಪಿಂಚಣಿ ತಪ್ಪು ನಿಗದಿಯಾಗಿದ್ದರೆ ಅದು ನಡೆಯಬಹುದು. ನಿಮಗೆ ಹೆಚ್ಚು ಕೊಟ್ಟರೆ ಪಕ್ಕದವರ ಸಂಬಳ ಕಡಿಮೆಯಾಗುವುದಿಲ್ಲ. ಜ್ಯೇಷ್ಠತೆ ಹಾಗಲ್ಲ. ನೀವು ಒಂದು ಮೆಟ್ಟಿಲು ಹತ್ತಿದರೆ ಯಾರೋ ಒಬ್ಬರು ಇಳಿಯಬೇಕು. ಸುಪ್ರೀಂ ಕೋರ್ಟಿನ 2008ರ ತಾರ್ಸೇಮ್ ಸಿಂಗ್ ತೀರ್ಪು ಈ ವ್ಯತ್ಯಾಸವನ್ನು ಬಿಡಿಸಿ ಹೇಳುತ್ತದೆ. 1958ರ ಕರಡು ಪಟ್ಟಿಯ ಜಗಳವನ್ನು 1976ರಲ್ಲಿ ಕೋರ್ಟಿಗೆ ತಂದವರಿಗೆ ಕೆ.ಆರ್. ಮುದ್ಗಲ್ ಪ್ರಕರಣದಲ್ಲಿ ಬಾಗಿಲು ಮುಚ್ಚಿದ್ದೂ ಇದಕ್ಕೇ. ಹದಿನೆಂಟು ವರ್ಷ ನೆಮ್ಮದಿಯಾಗಿ ಇದ್ದವರನ್ನು ಈಗ ಅಲುಗಾಡಿಸಬಾರದು ಎಂದಿತು ಕೋರ್ಟ್.

ಇನ್ನೊಂದು ಎಚ್ಚರಿಕೆ. ಜ್ಯೇಷ್ಠತೆ ಪ್ರಶ್ನಿಸಲು ಮೂರು ನಾಲ್ಕು ವರ್ಷ ಸಮಂಜಸ ಎಂದು ಸುಪ್ರೀಂ ಕೋರ್ಟಿನ 2010ರ ತೀರ್ಪೊಂದರಲ್ಲಿ ಇದೆ ನಿಜ. ಅದನ್ನು ಹಿಡಿದುಕೊಂಡು ಕೂರಬೇಡಿ. ನ್ಯಾಯಮಂಡಳಿಯಲ್ಲಿ ಎದುರಾಗುವುದು ಕಾಯ್ದೆಯ ಒಂದು ವರ್ಷ. ನನ್ನ ಲೆಕ್ಕ ಇನ್ನೂ ಬಿಗಿ: ಅಂತಿಮ ಪಟ್ಟಿಯಿಂದ ಒಂಬತ್ತು ತಿಂಗಳು. ಅಷ್ಟರಲ್ಲಿ ಅರ್ಜಿ ಒಳಗಿರಬೇಕು. ಉಳಿದ ಮೂರು ತಿಂಗಳು ವಕೀಲರ ರಜೆಗೆ, ಜೆರಾಕ್ಸ್ ಅಂಗಡಿಯ ಕರೆಂಟಿಗೆ.

ಹೆಜ್ಜೆ 4: ಕಾಗದ

ನೇಮಕಾತಿ ಆದೇಶ, ಹಾಜರಾದ ವರದಿ, ಪ್ರೊಬೇಷನ್ ಮುಗಿದ ಆದೇಶ, ಎರಡೂ ಪಟ್ಟಿ, ಆಕ್ಷೇಪಣೆ. ನಿಮ್ಮ ಹತ್ತಿರ ಇಲ್ಲದ್ದನ್ನು ಮಾಹಿತಿ ಹಕ್ಕಿನಲ್ಲಿ ಕೇಳಿ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ನಮ್ಮ ರಾಜ್ಯದ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ. ಹಾಗಾಗಿ ಕಥೆ ಬರೆಯಬೇಡಿ.

ಹೆಜ್ಜೆ 5: ಕೆಎಟಿಗೆ ಅರ್ಜಿ

1986ರಲ್ಲಿ ಶುರುವಾದ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಬೆಂಗಳೂರು ಬಿಟ್ಟರೆ ಬೆಳಗಾವಿ, ಕಲಬುರಗಿಯಲ್ಲಿ ಪೀಠಗಳಿವೆ. ಸೀದಾ ಹೈಕೋರ್ಟಿಗೆ ಹೋಗುವಂತಿಲ್ಲ, ಅದು ಆಮೇಲೆ. ಸರ್ವಿಸ್ ಕೇಸು ನಡೆಸುವ ವಕೀಲರನ್ನೇ ಹಿಡಿಯಿರಿ. ಜಮೀನು ವ್ಯಾಜ್ಯ ಗೆದ್ದುಕೊಟ್ಟವರು ಒಳ್ಳೆಯವರೇ ಇರಬಹುದು, ಆದರೆ ಇದು ಅವರ ಕೆಲಸವಲ್ಲ.

ಒಂದು ವಿಷಯ ನೀವೇ ಪರೀಕ್ಷಿಸಿ: ಎದುರು ಪಕ್ಷ. ನಿಮ್ಮ ಮೇಲೆ ಹಾಕಿರುವ ಕಿರಿಯರನ್ನೂ ಪ್ರತಿವಾದಿ ಮಾಡಬೇಕು. ಸರ್ಕಾರ, ನಿರ್ದೇಶಕರು ಎಂದು ಇಬ್ಬರನ್ನೇ ಹಾಕಿ ಬಿಟ್ಟರೆ ಕೇಸು ಆ ಒಂದೇ ಕಾರಣಕ್ಕೆ ಬೀಳಬಹುದು. ದಿನವೂ ಜೊತೆಗೆ ಊಟ ಮಾಡುವವರ ಹೆಸರು ಹಾಕಲು ಮುಜುಗರ, ಗೊತ್ತು. ಹಾಕಲೇಬೇಕು. ಮೊದಲೇ ಅವರಿಗೆ ಒಂದು ಮಾತು ಹೇಳಿಬಿಡಿ.

ಮುಂಬಡ್ತಿ ಸಮಿತಿ ಸದ್ಯದಲ್ಲೇ ಕೂರುವುದಿದ್ದರೆ ಮಧ್ಯಂತರ ಆದೇಶ ಕೇಳಿ. ಸ್ಟೇ ಸಿಗದಿದ್ದರೂ ‘ಮುಂಬಡ್ತಿಗಳು ಈ ಅರ್ಜಿಯ ತೀರ್ಪಿಗೆ ಒಳಪಟ್ಟಿರುತ್ತವೆ’ ಎಂಬ ಸಾಲು ಸಿಕ್ಕರೆ ಸಣ್ಣದಲ್ಲ.

ಆಗಲೇ ತಡವಾಗಿದ್ದರೆ

ವಿಳಂಬ ಮನ್ನಿಸಲು ಬೇರೆ ಅರ್ಜಿ ಹಾಕಬೇಕು. ಕಲಂ 21ರಲ್ಲೇ ಅವಕಾಶವಿದೆ, ಸರಿಯಾದ ಕಾರಣ ಬೇಕು. ಪಟ್ಟಿಯನ್ನು ನಿಮಗೆ ಕಳಿಸಿಯೇ ಇರಲಿಲ್ಲ, ಆಸ್ಪತ್ರೆಯಲ್ಲಿದ್ದಿರಿ, ಇಂಥವು ದಾಖಲೆ ಸಮೇತ ಇದ್ದರೆ ಕೇಳುತ್ತಾರೆ. ‘ಸಂಘದವರು ನೋಡಿಕೊಳ್ಳುತ್ತೇವೆ ಅಂದಿದ್ದರು’ ಎಂದರೆ ನಡೆಯುವುದಿಲ್ಲ. ‘ಅದೇ ಬ್ಯಾಚಿನ ಇನ್ನೊಬ್ಬರು ಗೆದ್ದರು, ನನಗೂ ಕೊಡಿ’ ಎನ್ನುವುದೂ ಕಷ್ಟ. ದಡದಲ್ಲಿ ನಿಂತು ನೋಡಿ, ಗೆದ್ದ ಮೇಲೆ ನೀರಿಗಿಳಿಯುವವರ ಬಗ್ಗೆ ಕೋರ್ಟುಗಳಿಗೆ ಸಹನೆ ಕಡಿಮೆ.

ನೋಟಿಸ್ ನಿಮಗೇ ಬಂದರೆ

ಹಳೆಯ ಪಟ್ಟಿಯನ್ನು ಯಾರೋ ಈಗ ಪ್ರಶ್ನಿಸಿ ನಿಮ್ಮನ್ನು ಪ್ರತಿವಾದಿ ಮಾಡಿರಬಹುದು. ‘ಸರ್ಕಾರಿ ವಕೀಲರಿದ್ದಾರಲ್ಲ’ ಎಂದು ಬಿಡಬೇಡಿ. ಅವರು ಇಲಾಖೆಯ ಪರ, ನಿಮ್ಮ ಪರ ಅಲ್ಲ. ಸ್ವಂತ ವಕೀಲರನ್ನು ಇಟ್ಟುಕೊಳ್ಳಿ. ಆಕ್ಷೇಪಣೆಯ ಮೊದಲ ಪ್ಯಾರಾದಲ್ಲೇ ಎರಡು ದಿನಾಂಕ ಬರೆಸಿ: ಅಂತಿಮ ಪಟ್ಟಿ ಹೊರಬಿದ್ದದ್ದು, ಅವರು ಅರ್ಜಿ ಹಾಕಿದ್ದು.