ಪಡು: ಒಂದು ಪದದ ಬೆನ್ನು ಹತ್ತಿದ ಅನುಭವ

ಕರಾವಳಿಯ ಹಳ್ಳಿಗಳಲ್ಲಿ ದಾರಿ ಕೇಳಿದರೆ ಎಡ, ಬಲ ಎಂಬ ಮಾತು ಕಡಿಮೆ. ‘ಮೂಡು ಬದಿಗೆ ಹೋಗಿ, ದೇವಸ್ಥಾನ ದಾಟಿದ ಮೇಲೆ ಪಡು ಬದಿಗೆ ತಿರುಗಿ’ ಎನ್ನುತ್ತಾರೆ. ಮೂಡು ಎಂದರೆ ಪೂರ್ವ, ಪಡು ಎಂದರೆ ಪಶ್ಚಿಮ. ಅದೇ ‘ಪಡು’ ಪದವನ್ನು ಪೇಟೆಯಲ್ಲಿ ಓದಿ ಬೆಳೆದವರ ಮುಂದಿಟ್ಟರೆ ಅವರಿಗೆ ಹೊಳೆಯುವುದು ಕಷ್ಟಪಡು, ಹೆಮ್ಮೆಪಡು, ಆಸೆಪಡು. ಪಶ್ಚಿಮ ದಿಕ್ಕು ನೆನಪಿಗೆ ಬರುವುದೇ ಇಲ್ಲ. ಒಂದು ಕಡೆ ದಿಕ್ಕು, ಇನ್ನೊಂದು ಕಡೆ ಮನಸ್ಸಿನ ಪಾಡು. ಇವೆರಡು ಒಂದೇ ಪದವೋ, ಉಚ್ಚಾರ ಮಾತ್ರ ಒಂದಾದ ಎರಡು ಪದಗಳೋ? ಆಡುಮಾತಿನ ಪದಗಳನ್ನು ಗುರುತು ಹಾಕಿಕೊಳ್ಳುವ ಹವ್ಯಾಸ ಮೊದಲಿನಿಂದ ಇದ್ದ ನನಗೆ ಈ ಪ್ರಶ್ನೆ ಬಿಡದೆ ಕಾಡಿತು. ಒಂದೇ ಪದ ಎಂಬ ತೀರ್ಮಾನಕ್ಕೆ ಬಂದಿದ್ದೇನೆ. ಹೇಗೆ ಬಂದೆ ಎಂಬುದನ್ನು ಇಲ್ಲಿ ಬರೆಯುತ್ತಿದ್ದೇನೆ, ಬೇರೆ ಪದಗಳ ಹಿಂದೆ ಬಿದ್ದವರಿಗೆ ಉಪಯೋಗವಾದೀತು.

ನಿಘಂಟನ್ನು ಮೊದಲು ತೆರೆಯಬಾರದು ಎಂಬುದು ನಾನು ಪಾಲಿಸುವ ನಿಯಮ. ನಿಘಂಟಿನ ಅರ್ಥ ತಲೆಯಲ್ಲಿ ಕೂತುಬಿಟ್ಟರೆ ಜನ ಹೇಳಿದ್ದೆಲ್ಲ ಅದರ ಅಚ್ಚಿನಲ್ಲೇ ಕೇಳಿಸತೊಡಗುತ್ತದೆ. ಹಾಗಾಗಿ ಮೊದಲು ಹೆಸರುಗಳನ್ನು ಕಲೆಹಾಕಿದೆ. ಊರಿನ ಹೆಸರು, ಮನೆಯ ಹೆಸರು, ಗದ್ದೆಯ ಹೆಸರು. ಪದ ಮಾತಿನಿಂದ ಮರೆಯಾದ ಮೇಲೂ ಹೆಸರಿನಲ್ಲಿ ಗಟ್ಟಿಯಾಗಿ ಕೂತಿರುತ್ತದೆ.

ಉಡುಪಿ, ದಕ್ಷಿಣ ಕನ್ನಡ ಜಿಲ್ಲೆಗಳು ಈ ಕೆಲಸಕ್ಕೆ ಹೇಳಿ ಮಾಡಿಸಿದ ಜಾಗ. ಅಲ್ಲಿ ಊರುಗಳು ಜೋಡಿಜೋಡಿಯಾಗಿ ಸಿಗುತ್ತವೆ. ಪಡುತೋನ್ಸೆ, ಮೂಡುತೋನ್ಸೆ. ಪಡುಪೆರಾರ, ಮೂಡುಪೆರಾರ. ಪಡುಮಾರ್ನಾಡು, ಮೂಡುಮಾರ್ನಾಡು. ಬಡಾ ಎರ್ಮಾಳು, ತೆಂಕ ಎರ್ಮಾಳು. ಬಡಗಮಿಜಾರು, ತೆಂಕಮಿಜಾರು (ಬಡಗು ಉತ್ತರ, ತೆಂಕು ದಕ್ಷಿಣ). ಕಡಲ ತಡಿಯ ಪಡುಬಿದ್ರಿ, ಒಳನಾಡಿನ ಮೂಡುಬಿದಿರೆ. ಜೋಡಿ ಸಿಕ್ಕಿದ ಕೂಡಲೇ ನಕಾಶೆ ತೆರೆದು ಯಾವುದು ಯಾವ ಕಡೆಗಿದೆ ಎಂದು ನೋಡಬೇಕು. ಪಡುತೋನ್ಸೆ ಸಮುದ್ರದ ಮಗ್ಗುಲಿಗಿದೆ, ಮೂಡುತೋನ್ಸೆ ಕಲ್ಯಾಣಪುರದ ಬಳಿ. ಉತ್ತರದಿಂದ ಬರುವಾಗ ಬಡಾ ಎರ್ಮಾಳು ಮೊದಲು, ತೆಂಕ ಎರ್ಮಾಳು ಆಮೇಲೆ. ಹೆಸರೂ ನೆಲವೂ ತಾಳೆಯಾಗುತ್ತವೆ. ಒಂಟಿ ಹೆಸರು ಇಟ್ಟುಕೊಂಡು ಅರ್ಥ ಹೇಳಹೊರಟರೆ ಕಲ್ಪನೆಗೆ ಕಡಿವಾಣವಿಲ್ಲ, ಜೋಡಿ ಸಿಕ್ಕರೆ ಮಾತ್ರ ಪುರಾವೆ.

ಇದು ಕರಾವಳಿಗೆ ಮಾತ್ರ ಸೇರಿದ ಪದ ಎಂದು ತಿಳಿಯುವವರಿದ್ದಾರೆ. ಹಾಗಿಲ್ಲ. ಹೊಳೆನರಸೀಪುರ ತಾಲ್ಲೂಕಿನಲ್ಲಿ ಪಡುವಲಹಿಪ್ಪೆ ಇದೆ, ಮೂಡಲಹಿಪ್ಪೆಯೂ ಇದೆ. ಮೈಸೂರು ನಗರದೊಳಗೇ ಪಡುವಾರಹಳ್ಳಿ ಇದೆ. ಯಕ್ಷಗಾನದಲ್ಲಿ ಮೂಡಲಪಾಯ, ಪಡುವಲಪಾಯ ಎಂಬ ವಿಂಗಡಣೆಯನ್ನು ನೆನೆಯಿರಿ. ಪಡುವಲಪಾಯದೊಳಗೆ ಮತ್ತೆ ತೆಂಕುತಿಟ್ಟು, ಬಡಗುತಿಟ್ಟು. ನಾಲ್ಕು ಅಚ್ಚಗನ್ನಡ ದಿಕ್ಕುಗಳನ್ನೂ ಒಟ್ಟಿಗೆ ಇಟ್ಟುಕೊಂಡ ಕಲೆ ನಮ್ಮಲ್ಲಿ ಇನ್ನೊಂದಿಲ್ಲ ಎಂದೇ ನನ್ನ ಭಾವನೆ.

ಜನರ ಬಳಿ ಹೋದಾಗ ‘ಪಡು ಅಂದರೆ ಏನು?’ ಎಂದು ನಾನು ಕೇಳುವುದಿಲ್ಲ. ಹಾಗೆ ಕೇಳಿದರೆ ಹಿರಿಯರು ಪರೀಕ್ಷೆಗೆ ಕೂತವರಂತೆ ಬಿಗಿಯಾಗಿ ‘ಪಶ್ಚಿಮ’ ಎಂದು ಪುಸ್ತಕದ ಉತ್ತರ ಕೊಡುತ್ತಾರೆ. ‘ನಿಮ್ಮ ಜಮೀನಿಗೆ ಯಾರ್ಯಾರು ಬರುತ್ತಾರೆ?’ ಎಂದು ಗಡಿ ಕೇಳಬೇಕು. ಆಗ ಹಳೆ ಮೈಸೂರಿನ ಕಡೆ ‘ಮೂಡ್ಲಿಗೆ ನಮ್ಮಣ್ಣಂದು, ಪಡುವ್ಲಿಗೆ ಕೆರೆ ಕಣಪ್ಪ’ ಎಂಬ ಮಾತು ತಾನಾಗಿ ಹೊರಬರುತ್ತದೆ. ತುಳುವರಲ್ಲಾದರೆ ಮೂಡಾಯಿ, ಪಡ್ಡಾಯಿ, ತೆನ್ಕಾಯಿ, ಬಡಕಾಯಿ. ‘ಪಡ್ಡಾಯಿ ಪೋಲೆ’ ಎಂದರೆ ಪಶ್ಚಿಮಕ್ಕೆ ಹೋಗಿ.

ಗಡಿಯ ಮಾತು ಬಂತೆಂದರೆ ಕಾಗದಪತ್ರವೂ ಬಂತು. ಈಗಿನ ಕ್ರಯಪತ್ರದ ಚೆಕ್ಕುಬಂದಿಯಲ್ಲಿ, ಅಂದರೆ ಜಮೀನಿನ ನಾಲ್ಕು ಗಡಿಗಳ ವಿವರದಲ್ಲಿ, ಪೂರ್ವಕ್ಕೆ, ಪಶ್ಚಿಮಕ್ಕೆ ಎಂದಿರುತ್ತದೆ. ಹಿಂದಕ್ಕೆ ಹೋಗಿ ಕಲ್ಲಿನ ಶಾಸನಗಳನ್ನು ನೋಡಿದರೆ ದಾನ ಕೊಟ್ಟ ಭೂಮಿಯ ಎಲ್ಲೆಯನ್ನು ಕನ್ನಡದ ದಿಕ್ಕುಗಳಲ್ಲೇ ಹೇಳಿರುತ್ತಾರೆ. ಬಿ. ಎಲ್. ರೈಸ್ ಅವರು 1886ರಿಂದ ಹೊರತಂದ ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳು ಇಂಥ ಎಲ್ಲೆವಿವರಗಳ ಗಣಿ. ಸಾಮಾನ್ಯವಾಗಿ ಮೂಡಲಿನಿಂದ ಹೊರಟು ತೆಂಕಲು, ಆಮೇಲೆ ಪಡುವಲು, ಕೊನೆಗೆ ಬಡಗಲು ಎಂದು ಬಲಸುತ್ತಿನಲ್ಲಿ ಸಾಗುತ್ತದೆ. ಈ ಕ್ರಮ ಗೊತ್ತಿದ್ದರೆ ಅಕ್ಷರ ಸವೆದ ಜಾಗದಲ್ಲೂ ಮೂರನೆಯದು ಯಾವ ದಿಕ್ಕು ಎಂದು ಹೇಳಬಹುದು.

ಅಲ್ಲಿಯೇ ನನಗೆ ‘ಹಡುವಲು’ ಸಿಕ್ಕಿದ್ದು. ಹಳಗನ್ನಡದ ಪದಾದಿಯ ಪಕಾರ ನಡುಗನ್ನಡದ ಹೊತ್ತಿಗೆ ಹಕಾರವಾಯಿತಷ್ಟೆ: ಪಾಲು ಹಾಲಾಯಿತು, ಪುಲಿ ಹುಲಿಯಾಯಿತು, ಪೂವು ಹೂವಾಯಿತು. ಅದೇ ದಾರಿಯಲ್ಲಿ ಪಡುವಲು ‘ಹಡುವಲು’, ‘ಹಡುವಣ’ ಆಗಿ ಶಾಸನಗಳಲ್ಲಿ ನಿಂತಿದೆ. ಆದರೆ ಇಂದಿನ ಬಾಯಲ್ಲಿ ಉಳಿದದ್ದು ಪಕಾರದ ರೂಪ. ಹಾಲು, ಹುಲಿ, ಹೂವು ಹಿಂದಿರುಗಿ ನೋಡಲಿಲ್ಲ, ಹಡುವಲು ಮಾತ್ರ ಪಡುವಲಿಗೆ ಸೋತಿತು. ಕರಾವಳಿಯಲ್ಲಿ ಇದಕ್ಕೆ ತುಳುವಿನ ನೆರೆ ಒಂದು ಆಸರೆ, ಏಕೆಂದರೆ ತುಳು ಪಕಾರವನ್ನು ಬಿಡಲೇ ಇಲ್ಲ, ಅಲ್ಲಿ ಹುಲಿ ಇಂದಿಗೂ ‘ಪಿಲಿ’. ಘಟ್ಟದ ಮೇಲಿನ ಪಡುವಲಿಗೆ ನಾನು ಕೊಡುವ ಕಾರಣ ಬೇರೆ. ಕಷ್ಟಪಡು, ಆಸೆಪಡು ಮುಂತಾದವುಗಳಲ್ಲಿ ಪಕಾರ ಪದದ ಒಳಗೆ ಸೇರಿಕೊಂಡಿದೆ, ಪದಾದಿಯ ಬದಲಾವಣೆ ಅದನ್ನು ಮುಟ್ಟಲಿಲ್ಲ. ದಿನಕ್ಕೆ ನೂರು ಸಲ ನಾಲಿಗೆಯ ಮೇಲೆ ಬರುವ ಆ ‘ಪಡು’ ದಿಕ್ಕಿನ ‘ಪಡು’ವನ್ನೂ ತನ್ನ ಜೊತೆ ಹಿಡಿದಿಟ್ಟುಕೊಂಡಿತು ಎಂದು ನನ್ನ ನಂಬಿಕೆ.

ಇಷ್ಟಾದ ಮೇಲೆ ನಿಘಂಟು. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟ್ಟೆಲ್ ಅವರ ಕೋಶದಿಂದ ಶುರುಮಾಡಿ ಬರೋ ಮತ್ತು ಎಮೆನೋ ಅವರ ದ್ರಾವಿಡ ವ್ಯುತ್ಪತ್ತಿ ಕೋಶದವರೆಗೆ ಹೋದೆ. 1961ರಲ್ಲಿ ಮೊದಲು ಬಂದು 1984ರಲ್ಲಿ ಪರಿಷ್ಕೃತವಾದ ಆ ಕೋಶ ಅಕ್ಕತಂಗಿ ನುಡಿಗಳ ಪದಗಳನ್ನು ಒಂದೇ ಪಂಕ್ತಿಯಲ್ಲಿ ಕೂರಿಸುತ್ತದೆ. ನನ್ನ ಪ್ರಶ್ನೆಗೆ ಗಂಟು ಬಿಚ್ಚಿದ್ದು ಅಲ್ಲಿಯೇ. ತೆಲುಗಿನಲ್ಲಿ ‘ಪಡು’ ಎಂದರೆ ಬೀಳು. ಪಶ್ಚಿಮಕ್ಕೆ ಅವರು ಹೇಳುವ ‘ಪಡಮರ’ದಲ್ಲೂ ಅದೇ ಪಡು. ತಮಿಳಿನ ‘ಪಡು’ವಿಗೆ ಸಂಭವಿಸು, ಅನುಭವಿಸು, ಮಲಗು, ಸೂರ್ಯ ಮುಳುಗು ಎಂಬ ಅರ್ಥಗಳೆಲ್ಲ ಇವೆ, ಹಾಸಿಗೆಗೆ ‘ಪಡುಕ್ಕೈ’ ಎನ್ನುತ್ತಾರೆ. ಮಲಯಾಳಿಗಳಿಗೆ ಪಶ್ಚಿಮ ‘ಪಡಿಞ್ಞಾರ್’, ಅಂದರೆ ಞಾಯಿರು ಪಡುವ ಕಡೆ. ಈ ಞಾಯಿರು ನಮ್ಮ ನೇಸರಿನ ಸೋದರಿ. ಹಳಗನ್ನಡದಲ್ಲಿ ನೇಸರು ‘ಪಡು’ತ್ತಿತ್ತು, ಈಗ ಮುಳುಗುತ್ತದೆ. ನೇಸರು ಮೂಡುವ ಕಡೆ ಮೂಡು, ಪಡುವ ಕಡೆ ಪಡು.

ಅಂದರೆ ಬೇರಿನಲ್ಲಿರುವುದು ‘ಬೀಳು, ಕೆಳಗಿಳಿ, ಮೇಲೆ ಬಂದೆರಗು’ ಎಂಬ ಅರ್ಥ. ನೇಸರು ಬಿದ್ದರೆ ದಿಕ್ಕು. ಮೈ ನೆಲಕ್ಕೆ ಬಿದ್ದರೆ ಮಲಗುವುದು. ದುಃಖ, ಸಂತೋಷ ನಮ್ಮ ಮೇಲೆ ಬಂದೆರಗಿದರೆ ಅನುಭವ. ಕೈಗೆ ಬಿದ್ದರೆ ಪಡೆಯುವುದು. ‘ಪಡೆ’ ಎಂಬ ಕ್ರಿಯಾಪದ ಇದರದೇ ಒಡಹುಟ್ಟು, ಅದು ಹಕಾರಕ್ಕೆ ತಿರುಗಿ ‘ಹಡೆ’ ಆದಾಗ ಅರ್ಥ ಮಗುವನ್ನು ಪಡೆಯುವುದಕ್ಕೆ ಸೀಮಿತವಾಯಿತು. ‘ಹಡೆದವ್ವ’ನ ಹಡೆಯೂ, ಪಡುವಣ ಕಡಲಿನ ಪಡುವೂ ಒಂದೇ ಮನೆತನದವು ಎಂದು ತಿಳಿದ ದಿನ ನಾನು ಬೇರೆ ಕೆಲಸ ಮಾಡಲಿಲ್ಲ.

ಆದರೂ ನಿಘಂಟು ಹೇಳಿತು ಎಂದು ಒಪ್ಪಿ ಸುಮ್ಮನಾಗುವ ಮನಸ್ಸಾಗಲಿಲ್ಲ. ಬೀಳುವುದರಿಂದ ಅನುಭವಿಸುವುದಕ್ಕೆ ಅರ್ಥ ಜಾರಿದ್ದು ಕನ್ನಡಿಗರ ಬಾಯಲ್ಲೇ ಕಾಣಬೇಕಲ್ಲ? ಕಂಡಿತು. ಅದೂ ತೀರಾ ಹತ್ತಿರದಲ್ಲಿ. ‘ಎಷ್ಟು ಕಷ್ಟಬಿದ್ದು ಓದಿಸಿದೀನಿ ಗೊತ್ತಾ?’ ‘ಆಸೆಬಿದ್ದು ತಂದಿದ್ದು.’ ಬರವಣಿಗೆಯಲ್ಲಿ ಕಷ್ಟಪಟ್ಟು, ಆಸೆಪಟ್ಟು ಎನ್ನುವ ಕಡೆ ಮಾತಿನಲ್ಲಿ ಕಷ್ಟಬಿದ್ದು, ಆಸೆಬಿದ್ದು. ಇದನ್ನು ಅಶುದ್ಧ ಎಂದು ತಿದ್ದುವ ಮೇಷ್ಟ್ರುಗಳಿದ್ದಾರೆ, ಅದು ನನಗೆ ಒಪ್ಪಿಗೆಯಿಲ್ಲ. ‘ಪಡು’ವಿಗೆ ಬೀಳು ಎಂಬ ಅರ್ಥ ಇತ್ತೆಂದು ಯಾರೂ ಹೇಳಿಕೊಡದೆ, ಹಳೆಯ ಪದ ಮಸುಕಾದ ಮೇಲೆ ಅದೇ ಚಿತ್ರವನ್ನು ಹೊಸ ಪದದಿಂದ ಮತ್ತೆ ಬರೆದಿದ್ದಾರೆ ನಮ್ಮ ಜನ. ನನ್ನ ಸಂಗ್ರಹದಲ್ಲಿ ನಾನು ಎಲ್ಲಕ್ಕಿಂತ ಮೇಲಿಡುವ ಪುರಾವೆ ಇದು.

ಆಮೇಲೆ ಬಚ್ಚಿಟ್ಟುಕೊಂಡ ರೂಪಗಳನ್ನು ಹುಡುಕಿದೆ. ಆದೇಶಸಂಧಿಯನ್ನು ಶಾಲೆಯಲ್ಲಿ ಕಲಿತವರಿಗೆ ಇದು ಸುಲಭ. ಪಕಾರ ಬಕಾರವಾಗುತ್ತದೆ, ವಕಾರವಾಗುತ್ತದೆ. ‘ಒಡಂಬಡು’ ಎಂದರೆ ಒಡನೆ ಪಡು, ಅದರಿಂದ ಒಡಂಬಡಿಕೆ. ‘ಅಳವಡು’ ಎಂದರೆ ಅಳವಿಗೆ ಪಡು, ಅದರಿಂದ ಅಳವಡಿಕೆ. ನಾವು ದಿನಾ ‘ಹೊರಡೋಣ’ ಎನ್ನುವ ‘ಹೊರಡು’ ಹಳಗನ್ನಡದ ‘ಪೊಱಮಡು’ವಿನ ಸವೆದ ರೂಪ, ಹೊರಗೆ ಪಡು ಎಂದು ಅದರ ಒಳಗು. ತಮಿಳಿನಲ್ಲಿ ಇಂದಿಗೂ ಹೊರಡುವುದಕ್ಕೆ ‘ಪುಱಪ್ಪಡು’ ಎನ್ನುವುದರಿಂದ ಇಲ್ಲಿ ಅನುಮಾನಕ್ಕೆ ಎಡೆಯಿಲ್ಲ. ಏರ್ಪಡು, ಬೇರ್ಪಡು, ಒಳಪಡು ಕಣ್ಣಿಗೇ ಕಾಣುತ್ತವೆ.

‘ಪಾಡು’ ಇನ್ನೊಂದು. ಕೆಡು ಎಂಬುದರಿಂದ ಕೇಡು, ಬಿಡು ಎಂಬುದರಿಂದ ಬೀಡು ಬಂದ ಹಾಗೆ ಪಡುವಿನ ಸ್ವರ ಉದ್ದವಾಗಿ ಪಾಡು. ‘ಪಡಬಾರದ ಪಾಡು ಪಟ್ಟೆ’ ಎಂಬ ಮಾತಿನಲ್ಲಿ ತಾಯಿ ಮಗು ಒಟ್ಟಿಗಿದ್ದಾರೆ. ಮೈಸೂರು ಕಡೆ ಪಾಡು ಎಂದರೆ ಬಹುಮಟ್ಟಿಗೆ ಸಂಕಟವೇ. ಧಾರವಾಡದ ಕಡೆ ಹೋದರೆ ‘ಅದಕ್ಕಿಂತ ಇದು ಪಾಡು’ ಎಂದರೆ ಇದು ಮೇಲು, ಇದೇ ವಾಸಿ ಎಂದು ಅರ್ಥ. ಒಂದೇ ಪದ ಒಂದು ಸೀಮೆಯಲ್ಲಿ ಕೆಟ್ಟ ಸ್ಥಿತಿ, ಇನ್ನೊಂದು ಸೀಮೆಯಲ್ಲಿ ಒಳ್ಳೆಯ ಸ್ಥಿತಿ. ಬೇರಿನ ಅರ್ಥ ಬರೀ ‘ಬಂದೊದಗಿದ ಸ್ಥಿತಿ’ ಎಂದು ಹಿಡಿದರೆ ಎರಡೂ ಸರಿಹೋಗುತ್ತವೆ.

ಹೊರಗಿಡಬೇಕಾದವುಗಳನ್ನೂ ಹೇಳಬೇಕು. ಪಡವಲಕಾಯಿಗೂ ಪಡುವಲಿಗೂ ಸಂಬಂಧವಿಲ್ಲ, ಅದರ ನಂಟು ಸಂಸ್ಕೃತದ ಪಟೋಲದ ಕಡೆಗೆ. ಸೈನ್ಯ ಎಂಬರ್ಥದ ಪಡೆ ಬೇರೆಯ ಪದ. ಹಾಡು ಎಂದಾದ ಪಾಡು ಕೂಡ ಬೇರೆ, ಅದು ಮೊದಲಿನಿಂದಲೂ ದೀರ್ಘ. ಶಬ್ದ ಒಂದೇ ಎಂದು ಇವನ್ನೆಲ್ಲ ಒಂದೇ ರಾಶಿಗೆ ಸುರಿದರೆ ಇಡೀ ವಾದ ಬಿದ್ದುಹೋಗುತ್ತದೆ. ನಾನು ಇಟ್ಟುಕೊಂಡ ಅಳತೆಗೋಲು ಎರಡೇ: ನೆರೆಯ ನುಡಿಯಲ್ಲಿ ಅದೇ ಅರ್ಥದ ಜೊತೆ ಬೇಕು, ಧ್ವನಿಯ ಬದಲಾವಣೆಗೆ ಇನ್ನೂ ನಾಲ್ಕು ಪದಗಳ ಸಾಕ್ಷಿ ಬೇಕು.

ಇಲ್ಲಿ ಭೂಗೋಳದ ಒಂದು ಮಾತು. ತಮಿಳರು ಪೂರ್ವಕ್ಕೆ ‘ಕಿೞಕ್ಕು’ ಎನ್ನುತ್ತಾರೆ, ಕೀೞ್ ಅಂದರೆ ಕೆಳಗೆ. ಪಶ್ಚಿಮಕ್ಕೆ ‘ಮೇಱ್ಕು’, ಮೇಲೆ. ಅವರ ನೆಲ ಘಟ್ಟದಿಂದ ಪೂರ್ವದ ಕಡಲಿಗೆ ಇಳಿಯುತ್ತದೆ, ಮಾತು ನೆಲಕ್ಕೆ ಹೊಂದುತ್ತದೆ. ಕೇರಳದಲ್ಲಿ ಪೂರ್ವಕ್ಕಿರುವುದು ಘಟ್ಟ, ಆದರೂ ಅಲ್ಲಿ ಪೂರ್ವ ‘ಕಿೞಕ್ಕ್’ ಆಗಿಯೇ ಉಳಿದಿದೆ. ನಮ್ಮ ನೆಲ ಎರಡು ಇಳಿಜಾರಿನದು. ಕಾವೇರಿ, ತುಂಗಭದ್ರೆ ಮೂಡಲಿಗೆ ಹರಿಯುತ್ತವೆ, ಶರಾವತಿ, ನೇತ್ರಾವತಿ ಪಡುವಲಿಗೆ. ಕೆಳಗೆ, ಮೇಲೆ ಎಂದು ದಿಕ್ಕು ಹೇಳಿದ್ದರೆ ಘಟ್ಟ ಇಳಿದ ಕೂಡಲೇ ಮಾತು ತಿರುಗುಮುರುಗಾಗುತ್ತಿತ್ತು. ನೇಸರನ್ನು ನಂಬಿದ ಮೂಡು, ಪಡು ಘಟ್ಟದ ಮೇಲೂ ಸರಿ, ಕೆಳಗೂ ಸರಿ.

ತೆಂಕು, ಬಡಗು ನೇಸರಿಗೆ ಸೇರಿದವಲ್ಲ. ಅವುಗಳಿಗೆ ತಮಿಳಿನ ತೆನ್, ವಡ ಜೊತೆಗಾರರು. ವಕಾರ ಕನ್ನಡದಲ್ಲಿ ಬಕಾರವಾಗುವುದರಿಂದ ವಡ ಇಲ್ಲಿ ಬಡ. ನೀಲಗಿರಿಯ ಬಡಗರ ಹೆಸರಿನಲ್ಲಿರುವುದೂ ಇದೇ ಬಡಗು, ಮೈಸೂರು ಸೀಮೆಯಿಂದ, ಅಂದರೆ ಬಡಗಣಿಂದ ಹೋದವರು.

ಈಗ ನಾನು ಕಲೆಹಾಕುತ್ತಿರುವುದು ಮನೆಯ ಹೆಸರುಗಳನ್ನು: ಪಡುಮನೆ, ಮೂಡುಮನೆ, ತೆಂಕುಮನೆ, ಬಡಗುಮನೆ. ಪಾಲಾದಾಗ ಮೂಲಮನೆಯಿಂದ ಯಾವ ಕಡೆಗೆ ಹೊಸ ಮನೆ ಕಟ್ಟಿದರೋ ಆ ದಿಕ್ಕೇ ಮನೆತನದ ಹೆಸರಾಗಿರುವುದುಂಟು. ನಿಮ್ಮೂರಿನಲ್ಲಿ ಇಂಥ ಮನೆ ಇದ್ದರೆ ಹೆಸರಿನ ಜೊತೆಗೆ ಅದು ಯಾವ ಮನೆಗೆ ಪಡುವಲು ಎಂಬುದನ್ನೂ ಬರೆದಿಡಿ. ಮೂಲಮನೆ ಬಿದ್ದುಹೋಗಿದ್ದರೆ ಅದಿದ್ದ ಜಾಗವನ್ನಾದರೂ ಹಿರಿಯರಿಂದ ತೋರಿಸಿಕೊಂಡು ಗುರುತು ಹಾಕಿ, ಜೋಡಿಯ ಇನ್ನೊಂದು ತುದಿ ಗೊತ್ತಿಲ್ಲದ ಹೆಸರು ಪದ ಹುಡುಕುವವರಿಗೆ ಅರ್ಧ ಸಾಕ್ಷಿ ಮಾತ್ರ.