ಬೆಳೆಯುವ ಕಾಲಿಗೆ ಪರಿಹಾರ ಕೇಳಿದ್ದು: ಒಂದು ಪ್ರಕರಣದ ಅನುಭವ

"ಇವನೇನು ದುಡಿಯುವ ಹುಡುಗನಲ್ಲವಲ್ಲ ಸಾರ್, ಇವನಿಗೆ ಏನು ಪರಿಹಾರ ಸಿಕ್ಕೀತು?" ಎಂದು ಆ ತಂದೆ ಕೇಳಿದಾಗ ಅವರ ಎಂಟು ವರ್ಷದ ಮಗ ಊರುಗೋಲು ಹಿಡಿದು ಪಕ್ಕದಲ್ಲೇ ನಿಂತಿದ್ದ. ಶಾಲೆಯಿಂದ ಮರಳುತ್ತಿದ್ದಾಗ ಕಾರು ಬಡಿದು ಅವನ ಬಲತೊಡೆಯ ಮೂಳೆ ಮೊಣಕಾಲಿಗೆ ಹತ್ತಿರದಲ್ಲಿ ಮುರಿದಿತ್ತು. ಅಪಘಾತ ಪರಿಹಾರದ ಅರ್ಜಿಗಳನ್ನೇ ಹೆಚ್ಚಾಗಿ ನಡೆಸುವ ವಕೀಲನಾದ ನನಗೆ ಈ ಪ್ರಶ್ನೆ ಹೊಸದಲ್ಲ. ಆದರೆ ಮಕ್ಕಳ ಪ್ರಕರಣದಲ್ಲಿ ಸಂಬಳದ ಚೀಟಿಯ ಬದಲಿಗೆ ಏನನ್ನು ರುಜುವಾತುಪಡಿಸಬೇಕೆಂಬುದನ್ನು ನಾನು ಸರಿಯಾಗಿ ಕಲಿತದ್ದು ಈ ಹುಡುಗನಿಂದಲೇ.

ಮೋಟಾರು ವಾಹನ ಕಾಯ್ದೆಯ 166ನೇ ಕಲಮಿನಡಿ ಪರಿಹಾರ ಕೇಳುವ ಅರ್ಜಿಯನ್ನು ಅಪಘಾತವಾದ ಆರು ತಿಂಗಳೊಳಗೆ ಸಲ್ಲಿಸಬೇಕೆಂಬ ನಿಯಮ 2019ರ ತಿದ್ದುಪಡಿಯಿಂದ ಬಂದು, 2022ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ಆದ್ದರಿಂದ ಚಿಕಿತ್ಸೆ ಮುಗಿಯಲೆಂದು ಕಾಯದೆ, ತಂದೆಯನ್ನು ಸ್ವಾಭಾವಿಕ ಪಾಲಕರನ್ನಾಗಿ ತೋರಿಸಿ, ಎಫ್‌ಐಆರ್, ಸ್ಥಳ ಮಹಜರು, ಗಾಯದ ಪ್ರಮಾಣಪತ್ರ, ಆಸ್ಪತ್ರೆಯಿಂದ ಬಿಡುಗಡೆಯಾದಾಗ ಕೊಟ್ಟ ಸಾರಾಂಶ ಇವಿಷ್ಟನ್ನು ಇಟ್ಟುಕೊಂಡು ನಾಲ್ಕನೆಯ ತಿಂಗಳಲ್ಲೇ ಅರ್ಜಿ ಹಾಕಿದೆ. ಹುಡುಗನೇ ರಸ್ತೆಗೆ ಓಡಿಬಂದನೆಂದು ವಿಮಾ ಕಂಪನಿ ವಾದಿಸಿತು. ಮಹಜರಿನ ನಕ್ಷೆಯಲ್ಲಿ ಅಪಘಾತದ ಜಾಗ ರಸ್ತೆಯ ಅಂಚಿನಲ್ಲೇ ಇದ್ದುದರಿಂದ ಆ ವಾದ ನಿಲ್ಲಲಿಲ್ಲ.

ನಿಜವಾದ ತೊಡಕು ಅಂಗವೈಕಲ್ಯದ ಪ್ರಮಾಣದಲ್ಲಿತ್ತು. ಮೂಳೆ ಕೂಡಿದ ಹೊಸತರಲ್ಲಿ ವೈದ್ಯರು ಕಾಲಿಗೆ ಶೇಕಡ 27ರಷ್ಟು ಊನವಿದೆಯೆಂದು ಬರೆದುಕೊಟ್ಟರು. ಒಂದು ಅಂಗಕ್ಕಾದ ಊನದ ಮೂರನೇ ಒಂದು ಭಾಗವನ್ನು ಇಡೀ ದೇಹದ ಊನವೆಂದು ಎಣಿಸುವ ರೂಢಿ ಈ ಅರ್ಜಿಗಳನ್ನು ತೀರ್ಮಾನಿಸುವ ನಮ್ಮ ನ್ಯಾಯಮಂಡಳಿಗಳಲ್ಲಿದೆ. ಹಾಗೆ ಎಣಿಸಿದರೆ ಅದು ಶೇಕಡ 9 ಆಗುತ್ತದೆ. ಗಾಯಗೊಂಡ ಮಕ್ಕಳ ಬಗ್ಗೆ 2013ರಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪು, ಚಿಕಿತ್ಸೆ, ಶುಶ್ರೂಷೆ ಮುಂತಾದ ವಾಸ್ತವ ಖರ್ಚನ್ನು ಬಿಟ್ಟು, ಇಡೀ ದೇಹದ ಊನ ಶೇಕಡ 10ರವರೆಗೆ ಇದ್ದರೆ 1 ಲಕ್ಷ, ಅದನ್ನು ಮೀರಿ 30ರವರೆಗೆ 3 ಲಕ್ಷ, 60ರವರೆಗೆ 4 ಲಕ್ಷ, 90ರವರೆಗೆ 5 ಲಕ್ಷ, ಅದಕ್ಕೂ ಮೇಲ್ಪಟ್ಟರೆ 6 ಲಕ್ಷ ರೂಪಾಯಿ ಎಂದು ಗೊತ್ತುಮಾಡಿತ್ತು. ಶೇಕಡ 10ನ್ನು ಮೀರದ ಕಾರಣ, ಸ್ವಲ್ಪದರಲ್ಲೇ ಈ ಹುಡುಗ ಕೆಳಗಿನ ಮೆಟ್ಟಿಲಿನಲ್ಲೇ ಉಳಿದುಬಿಡುತ್ತಿದ್ದ.

ಆ ಪ್ರಮಾಣಪತ್ರವನ್ನು ಹಾಜರುಪಡಿಸುವ ಮುನ್ನ ನಾನು ಮೂಳೆ ತಜ್ಞರನ್ನು ಕಂಡು ಎಕ್ಸ್‌ರೇಗಳ ವಿವರವನ್ನು ಒಂದೊಂದಾಗಿ ಕೇಳಿ ತಿಳಿದುಕೊಂಡೆ. ತೊಡೆಮೂಳೆ ಉದ್ದವಾಗುವುದರಲ್ಲಿ ಸುಮಾರು ಶೇಕಡ 70ರಷ್ಟು ಮೊಣಕಾಲಿನ ಕಡೆಯ ತುದಿಯಲ್ಲಿರುವ ಗ್ರೋತ್ ಪ್ಲೇಟಿನಿಂದಲೇ, ಅಂದರೆ ಮಕ್ಕಳ ಮೂಳೆ ಬೆಳೆಯುವ ಮೆದು ಪದರದಿಂದಲೇ, ಆಗುತ್ತದೆ, ಏಟು ಅಲ್ಲಿಗೇ ಬಿದ್ದಿರುವುದರಿಂದ ಎಡಗಾಲು ಬೆಳೆಯುತ್ತಾ ಹೋದಂತೆ ಬಲಗಾಲು ಹಿಂದೆ ಬೀಳಬಹುದು ಎಂದು ಅವರು ಹೇಳಿದರು. ವಯಸ್ಕರಲ್ಲಿ ಮೂಳೆ ಕೂಡಿದರೆ ಊನದ ಲೆಕ್ಕ ಹೆಚ್ಚುಕಡಿಮೆ ಮುಗಿದಂತೆ. ಮಗುವಿನಲ್ಲಿ ಅದು ಆಗಷ್ಟೇ ಶುರುವಾಗಿರುತ್ತದೆ. ಇದನ್ನು ನಾನು ಹಿಂದಿನ ಎಷ್ಟೋ ಪ್ರಕರಣಗಳಲ್ಲಿ ವೈದ್ಯರನ್ನು ಕೇಳಿಯೇ ಇರಲಿಲ್ಲವೆಂಬುದು ನನ್ನನ್ನು ಇಂದಿಗೂ ಕಾಡುತ್ತದೆ.

ಬಳಿಕ ವೈದ್ಯರ ಸಾಕ್ಷ್ಯಕ್ಕೆ ಸಮಯ ಕೇಳಿ, ಒಂದೂವರೆ ವರ್ಷದ ನಂತರ ಎರಡೂ ಕಾಲುಗಳ ಎಕ್ಸ್‌ರೇ ತೆಗೆಸಿ ಅಳೆಯಿಸಿದೆವು. ಬಲಗಾಲು ಗಿಡ್ಡವಾಗಿತ್ತು, ಕಾಲಿನ ಊನ ಶೇಕಡ 36ಕ್ಕೆ ಏರಿತ್ತು. ಪಾಟಿ ಸವಾಲಿನಲ್ಲಿ ವಿಮಾ ಕಂಪನಿಯ ವಕೀಲರು ಹಳೆಯ ಅಂಕಿಯನ್ನು ಎತ್ತಿ ತೋರಿಸಿದಾಗ, ಎರಡೂ ಅಂಕಿಗಳು ಆಯಾ ದಿನಕ್ಕೆ ಸರಿ ಎಂದು ವೈದ್ಯರು ಶಾಂತವಾಗಿ ವಿವರಿಸಿದರು. ನ್ಯಾಯಮಂಡಳಿ ಇಡೀ ದೇಹದ ಊನವನ್ನು ಶೇಕಡ 12 ಎಂದು ಒಪ್ಪಿ 3 ಲಕ್ಷವನ್ನೂ, ಬಿಲ್ಲುಗಳ ಮೊತ್ತವನ್ನೂ, ಮುಂದಿನ ಶಸ್ತ್ರಚಿಕಿತ್ಸೆಗೆಂದು ಪ್ರತ್ಯೇಕ ಮೊತ್ತವನ್ನೂ, ಆಸ್ಪತ್ರೆಯ ದಿನಗಳಲ್ಲಿ ತಾಯಿ ಕಳೆದುಕೊಂಡ ಕೂಲಿಯನ್ನೂ ಕೊಟ್ಟಿತು.

ನಮ್ಮ ಪ್ರಕರಣ ಮುಗಿದ ಮೇಲೆ, 2025ರಲ್ಲಿ, ಕಾಲು ಕಳೆದುಕೊಂಡ ಎಂಟು ವರ್ಷದ ಬಾಲಕನೊಬ್ಬನ ಮೇಲ್ಮನವಿಯಲ್ಲಿ ಸುಪ್ರೀಂ ಕೋರ್ಟ್, ಪರಿಹಾರದ ಲೆಕ್ಕಕ್ಕೆ ಮಗುವಿನ ಆದಾಯವನ್ನು ಆಯಾ ರಾಜ್ಯದ ಕುಶಲ ಕಾರ್ಮಿಕರ ಕನಿಷ್ಠ ವೇತನದ ಮಟ್ಟದಲ್ಲಿ ಹಿಡಿಯಬೇಕೆಂದು ಹೇಳಿತು. ಹೀಗಾಗಿ ಈಗ ಅಪಘಾತದ ವರ್ಷದ ಕನಿಷ್ಠ ವೇತನದ ಅಧಿಸೂಚನೆಯನ್ನು ಅರ್ಜಿಯ ಜೊತೆಗೇ ಲಗತ್ತಿಸುತ್ತೇನೆ. ಮೆಟ್ಟಿಲುಗಳ ಲೆಕ್ಕಕ್ಕಿಂತ ಇದು ಮಗುವಿನ ನಷ್ಟಕ್ಕೆ ಹೆಚ್ಚು ಹತ್ತಿರದ್ದೆಂದು ನಾನು ನಂಬುತ್ತೇನೆ.

ಹುಡುಗನ ಪಾಲಿನ ಹಣವನ್ನು ಅವನಿಗೆ ಹದಿನೆಂಟು ತುಂಬುವವರೆಗೆ ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿಯಾಗಿ ಇಡಬೇಕೆಂದು ಆದೇಶವಾದಾಗ ತಂದೆ ಕಂಗಾಲಾದರು, ಏಕೆಂದರೆ ಆಸ್ಪತ್ರೆಯ ಸಾಲ ಇನ್ನೂ ತೀರಿರಲಿಲ್ಲ. ಆಗಲೇ ಖರ್ಚಾದ ಚಿಕಿತ್ಸೆಯ ಮೊತ್ತವನ್ನು ಅವರಿಗೆ ಬಿಡುಗಡೆ ಮಾಡುವಂತೆ ಬಿಲ್ಲುಗಳೊಂದಿಗೆ ಮನವಿ ಸಲ್ಲಿಸಿದೆ, ನ್ಯಾಯಮಂಡಳಿ ಒಪ್ಪಿತು. ಕಳೆದ ಬಾರಿ ಅವರು ಬಂದದ್ದು ಶಸ್ತ್ರಚಿಕಿತ್ಸೆಗಾಗಿ ಠೇವಣಿಯಿಂದ ಹಣ ತೆಗೆಯಲು. ವೈದ್ಯರ ಪತ್ರ ಮತ್ತು ಅಂದಾಜು ಪಟ್ಟಿಯ ಜೊತೆಗೆ, ಮಗ ಬೆಳೆದಂತೆಲ್ಲ ಬದಲಿಸಿದ ಎತ್ತರದ ಅಟ್ಟೆಯ ಬೂಟುಗಳ ರಸೀದಿಗಳನ್ನೂ ಒಂದು ದಾರದಲ್ಲಿ ಪೋಣಿಸಿ ತಂದಿದ್ದರು.