ಸೋಡಾ ಹುರಿದು ಖಾರ ಮಾಡಿದ್ದು: ನನ್ನ ಅನುಭವ

ನಮ್ಮ ಮನೆಯ ಹಪ್ಪಳದ ಲೆಕ್ಕದ ಪುಸ್ತಕದಲ್ಲಿ ಅತ್ತೆಯ ಕೈಬರಹದ ಒಂದು ಸಾಲಿದೆ: "ಉದ್ದು ಸೇರಿಗೆ ಖಾರ ಒಂದು ತೊಲ, ಉಪ್ಪು ನೋಡಿಕೊಂಡು." ಇದನ್ನು ನಂಬಿ ನನ್ನ ನಾದಿನಿ ಒಮ್ಮೆ ಬ್ಯಾಡಗಿ ಮೆಣಸಿನಪುಡಿ ತೂಗಿ ಹಾಕಿಬಿಟ್ಟಿದ್ದಳು. ಒಣಗಿಸಿದಾಗ ಹಪ್ಪಳ ಕೆಂಪಗೆ ಚೆಂದವಾಗಿಯೇ ಕಂಡಿತು. ಎಣ್ಣೆಗೆ ಬಿಟ್ಟರೆ ಅರಳಲೇ ಇಲ್ಲ, ರಟ್ಟಿನ ಹಾಗೆ ಮುಳುಗಿ ಕೂತಿತು. ಅತ್ತೆ ಹಣೆ ಬಡಿದುಕೊಂಡರು. "ಖಾರ ಅಂದ್ರೆ ಖಾರದಪುಡಿ ಅಲ್ಲವ್ವಾ, ಹಪ್ಪಳದ ಖಾರ!"

ಹಪ್ಪಳ ಅರಳಲಿ ಅಂತ ಹಿಟ್ಟಿಗೆ ಹಾಕುವ ಬಿಳಿ ಪುಡಿ ಅದು. ಆ ಹಪ್ಪಳದ ಖಾರದ ಹಿಂದೆ ಬಿದ್ದು ನಾನು ಎರಡು ವರ್ಷ ಕಳೆದೆ. ದುಡ್ಡು 18 ಸಾವಿರದ ಹತ್ತಿರ ಹೋಗಿರಬೇಕು, ಎಲ್ಲವನ್ನೂ ಬರೆದಿಟ್ಟಿಲ್ಲ. ಈಗ ನಮ್ಮ ಮನೆಯ ಖಾರ ನಮ್ಮ ಬಾಣಲೆಯಲ್ಲೇ ಆಗುತ್ತದೆ. ಆಗಲ್ಲ ಅಂದವರೆಲ್ಲ ಈಗ ಅದೇ ಹಪ್ಪಳ ಕಟಂ ಕಟಂ ಅಂತ ತಿನ್ನುತ್ತಿದ್ದಾರೆ. ಹಿಟ್ಟು ಕುಟ್ಟುವುದು, ಉಂಡೆ ಕಟ್ಟುವುದು, ಲಟ್ಟಿಸುವುದು ಇದನ್ನೆಲ್ಲ ಇಲ್ಲಿ ಬರೆಯುವುದಿಲ್ಲ. ಇದನ್ನು ಓದುವವರಿಗೆ ಅದು ನನಗಿಂತ ಚೆನ್ನಾಗಿ ಬರುತ್ತದೆ.

ನಾವು ದಾವಣಗೆರೆಯ ಕೆ.ಟಿ.ಜೆ. ನಗರದ ಕಡೆಯವರು. ನಾನೂ ಸೇರಿ ಆರು ಜನ ಹೆಂಗಸರು ಮನೆಯ ಮಾಳಿಗೆಯ ಮೇಲೆ ಕೆಲಸ ಮಾಡುತ್ತೇವೆ. ಮೊದಲೆಲ್ಲ ಖಾರ ಪೊಟ್ಟಣದಲ್ಲಿ ಬರುತ್ತಿತ್ತು. ಒಂದು ಸಲ ಪುಡಿ, ಇನ್ನೊಂದು ಸಲ ಗಂಟು. ಒಂದು ಸಲ ತೊಲ ಹಾಕಿದರೆ ಸರಿ, ಇನ್ನೊಂದು ಸಲ ಅದೇ ತೊಲಕ್ಕೆ ಹಿಟ್ಟು ಹಳದಿಗೆ ತಿರುಗುವುದು. ಒಂದು ಮದುವೆ ಸೀಸನ್ನಿನಲ್ಲಿ ಅಡುಗೆ ಕಂಟ್ರಾಕ್ಟರ್ ಒಬ್ಬರು 3000 ಹಪ್ಪಳ ಹೇಳಿದ್ದರು, ಒಂದಕ್ಕೆ 4 ರೂಪಾಯಿಯಂತೆ. ಹೊಸ ಪೊಟ್ಟಣ ಒಡೆದು 18 ಕೆ.ಜಿ. ಹಿಟ್ಟು ಕಲಸಿದೆವು. ಕರಿದಾಗ ಇಟ್ಟಿಗೆ ಬಣ್ಣ, ಬಾಯಿಗಿಟ್ಟರೆ ಸಾಬೂನಿನ ವಾಸನೆ. ಮದುವೆ ಮನೆಯಿಂದ ಬುಟ್ಟಿಗಳು ಹಾಗೇ ವಾಪಸ್ ಬಂದವು. ಮುಂಗಡವನ್ನೂ ತಿರುಗಿಸಿ ಕೊಟ್ಟೆ, ಹೆಂಗಸರ ಕೂಲಿಯನ್ನೂ ಕೊಟ್ಟೆ. ಪೊಟ್ಟಣ ಕೊಟ್ಟವರು "ನೀರು ಹೆಚ್ಚಾಗಿರಬೇಕು ನೋಡ್ರಿ" ಅಂದು ಕೈ ತೊಳೆದುಕೊಂಡರು. ಆ ರಾತ್ರಿ ನಿದ್ದೆ ಬರಲಿಲ್ಲ. ಅಷ್ಟು ವರ್ಷ ತೂಗಿ ಹಾಕುತ್ತಿರುವ ಈ ಖಾರ ಅಂದರೆ ಏನು ಎಂಬುದೇ ನನಗೆ ಗೊತ್ತಿರಲಿಲ್ಲ.

ಮರುದಿನದಿಂದ ಕೇಳುವುದಕ್ಕೆ ಹೊರಟೆ. ಎಷ್ಟು ಜನರನ್ನು ಕೇಳಿದೆನೋ ಅಷ್ಟು ಖಾರ ಸಿಕ್ಕವು.

ಮಂಡಕ್ಕಿ ಭಟ್ಟಿಯವನಿಗೆ ಖಾರ ಅಂದರೆ ಖಾರ ಮಂಡಕ್ಕಿಗೆ ಕಲಸುವ ಮಸಾಲೆ, ಬೇರೆ ಪ್ರಶ್ನೆಯೇ ಇಲ್ಲ. ಅಕ್ಕಸಾಲಿ ಓಣಿಯ ಹಿರಿಯರೊಬ್ಬರು ಪುಟ್ಟ ಬಟ್ಟಲಿನಲ್ಲಿದ್ದ ಬಿಳಿ ಹರಳು ತೋರಿಸಿ "ನಮ್ಮ ಕಾರ ಇದು, ಬಿಳಿಗಾರ" ಅಂದರು. ಬೆಸುಗೆ ಹಾಕುವಾಗ ಚಿನ್ನ ಹರಿಯಲಿ ಅಂತ ಹಚ್ಚುವುದು. ಬಿಳಿ ಕಾರವೇ ಬಿಳಿಗಾರ ಆಗಿದೆ ಎನ್ನುವುದು ಆ ಕ್ಷಣದವರೆಗೆ ನನಗೆ ಹೊಳೆದಿರಲಿಲ್ಲ. ಅದು ಬೋರಾಕ್ಸ್. ತಿನ್ನುವ ಪದಾರ್ಥಕ್ಕೆ ಹಾಕುವಂತಿಲ್ಲ, ಆ ಕಡೆ ಯಾರೂ ಹೋಗಬೇಡಿ. ನಮ್ಮ ಮಾವ ಹತ್ತಿ ಗಿರಣಿಯಲ್ಲಿ ಬಟ್ಟೆ ಬಿಳಿ ಮಾಡುವ ವಿಭಾಗದಲ್ಲಿ ಇದ್ದವರು, ಈ ಊರಿಗೆ ಕರ್ನಾಟಕದ ಮ್ಯಾಂಚೆಸ್ಟರ್ ಅನ್ನುವ ಹೆಸರಿದ್ದ ಕಾಲದಲ್ಲಿ. ಅವರಿಗೆ ಖಾರ ಅಂದರೆ ಕಾಸ್ಟಿಕ್ ಸೋಡಾ. ಮೊಣಕೈ ಮೇಲಿನ ಸುಟ್ಟ ಕಲೆ ತೋರಿಸಿ, "ಖಾರದ ಜೊತೆ ಆಟ ಆಡಬ್ಯಾಡ" ಅಂದರು. ಹರಿಹರದ ಕಡೆ ಕಾಲುವೆ ಗದ್ದೆ ಇರುವ ನಮ್ಮ ಭಾವನಿಗೆ ಅದು ನೆಲಕ್ಕೆ ಹಿಡಿಯುವ ರೋಗ. ಮಣ್ಣು ಪರೀಕ್ಷೆಯ ಚೀಟಿಯಲ್ಲಿ ರಸಸಾರ (pH) 8.7 ಅಂತ ಬಂದು, "ಕ್ಷಾರ ಮಣ್ಣು, ಜಿಪ್ಸಂ ಹಾಕಿ" ಅಂತ ಬರೆದುಕೊಟ್ಟಿದ್ದರು.

ಮಂಡಿಪೇಟೆಯ ಗ್ರಂಥಿಗೆ ಅಂಗಡಿಯಲ್ಲಿ ಕೇಳಿದಾಗ ಅವರು ನನ್ನನ್ನೇ ತಿರುಗಿ ಕೇಳಿದರು: "ಯಾವ ಕ್ಷಾರ ಬೇಕಮ್ಮ? ಯವಕ್ಷಾರವೋ, ಸರ್ಜಿಕ್ಷಾರವೋ, ಟಂಕಣ ಕ್ಷಾರವೋ?" ಯವ ಅಂದರೆ ಬಾರ್ಲಿ, ಆ ಗಿಡ ಸುಟ್ಟ ಬೂದಿಯದ್ದು. ಟಂಕಣ ಅಂದರೆ ಅಕ್ಕಸಾಲಿಯ ಬಿಳಿಗಾರವೇ. ಸರ್ಜಿ ಅಂದಾಗ ನನ್ನ ಕಿವಿ ನೆಟ್ಟಗಾಯಿತು. ಅತ್ತೆ ಸಿಟ್ಟು ಬಂದಾಗ "ಸಜ್ಜೀಖಾರ" ಅನ್ನುತ್ತಿದ್ದರಲ್ಲ, ಅದೇ ಇದು! ರಾಜಸ್ಥಾನದ ಕಡೆ ಚೌಳು ನೆಲದ ಗಿಡ ಸುಟ್ಟು ಅದರ ಬೂದಿಯಿಂದ ತೆಗೆಯುತ್ತಿದ್ದರಂತೆ. ಒಳಗಿರುವುದು ಸೋಡಿಯಂ ಕಾರ್ಬೊನೇಟ್. ಶಾಲೆಯಲ್ಲಿ ಆಮ್ಲ, ಪ್ರತ್ಯಾಮ್ಲ, ಕ್ಷಾರ ಅಂತ ಬಾಯಿಪಾಠ ಮಾಡಿದ್ದು ಇದನ್ನೇ. ಕ್ಷಾರ ನಾಲಿಗೆಯ ಮೇಲೆ ಸವೆದು ಖಾರ ಆಗಿದೆ. ಮೆಣಸಿನಕಾಯಿ ಪೋರ್ಚುಗೀಸರ ಹಡಗು ಹತ್ತಿ ಬಂದು ಆಮೇಲೆ ಆ ಹೆಸರನ್ನು ಕಸಿದುಕೊಂಡಿತು. (ಕಾರ ಹುಣ್ಣಿಮೆಯ ಕಾರಕ್ಕೂ ಇದಕ್ಕೂ ಸಂಬಂಧವಿಲ್ಲ, ಅದು ಮಳೆಗಾಲದ ಕಾರು. ನಾನೂ ಸ್ವಲ್ಪ ದಿನ ಆ ದಾರಿ ತಪ್ಪಿದ್ದೆ.)

ಬೂದಿಯಿಂದ ಬರುತ್ತದೆ ಅಂದಮೇಲೆ ನಾನೇ ಯಾಕೆ ಮಾಡಬಾರದು ಅನ್ನಿಸಿತು. ಎಂಟು ಬಾಳೆ ದಿಂಡು ಸೀಳಿ ಮಾಳಿಗೆಯ ಮೇಲೆ ಮೂರು ವಾರ ಒಣಗಿಸಿ ಸುಟ್ಟೆ. ಬೂದಿಯನ್ನು ನೀರಿಗೆ ಹಾಕಿ, ಬಟ್ಟೆಯಲ್ಲಿ ಸೋಸಿ, ಕುದಿಸಿ ಇಂಗಿಸಿದರೆ ಪಾತ್ರೆಯ ತಳದಲ್ಲಿ ನಿಂತದ್ದು ನಲವತ್ತು ಗ್ರಾಂ ಬೂದು ಬಣ್ಣದ ಉಪ್ಪು. ಗ್ಯಾಸಿನ ಖರ್ಚೇ ಅದಕ್ಕಿಂತ ಜಾಸ್ತಿ. ಹಪ್ಪಳ ಅರಳಿತೇನೋ ನಿಜ, ಆದರೆ ಕಹಿ. ಬಾಳೆ ಬೂದಿಯಲ್ಲಿ ಇರುವುದು ಹೆಚ್ಚಾಗಿ ಪೊಟ್ಯಾಸಿಯಂನ ಕ್ಷಾರ, ಸೋಡಿಯಂದಲ್ಲ. ಉತ್ತರಾಣಿ ಗಿಡವನ್ನೂ ಸುಟ್ಟೆ. ಅದರ ಕ್ಷಾರ ಬಳಿದ ದಾರದಿಂದ ವೈದ್ಯರು ಭಗಂದರಕ್ಕೆ (ಗುದದ ಹತ್ತಿರ ಆಗುವ ಕೀವಿನ ಹುಣ್ಣಿಗೆ) ಚಿಕಿತ್ಸೆ ಮಾಡುತ್ತಾರೆ ಅಂತ ಗೊತ್ತಾದ ಮೇಲೆ ಹಪ್ಪಳಕ್ಕೆ ಹಾಕಲು ಮನಸ್ಸು ಬರಲಿಲ್ಲ. ಆ ಡಬ್ಬಿ ಇನ್ನೂ ಅಟ್ಟದ ಮೇಲಿದೆ.

ಅದೇ ಹುಚ್ಚಿನಲ್ಲಿ ಹೊಸದುರ್ಗ ತಾಲ್ಲೂಕಿನ ಮತ್ತೋಡಿಗೂ ಹೋಗಿ ಬಂದೆ. ಅಲ್ಲಿ ಹಿಂದೆ ಗಾಜಿನ ಬಳೆ ಮಾಡುತ್ತಿದ್ದರು. 1800–01ರಲ್ಲಿ ಈ ಸೀಮೆ ಸುತ್ತಿದ ಫ್ರಾನ್ಸಿಸ್ ಬುಕಾನನ್ ಆ ಬಳೆ ಕುಲುಮೆಗಳ ಬಗ್ಗೆ ಬರೆದಿದ್ದಾನೆ. ಗಾಜು ಕರಗಬೇಕಾದರೆ ಮರಳಿನ ಜೊತೆ ಕ್ಷಾರ ಬೇಕು, ಆ ಕ್ಷಾರ ಸೌಳು ಮಣ್ಣಿನಲ್ಲಿದೆ. ಬೇಸಿಗೆಯಲ್ಲಿ ಬದುವಿನ ಅಂಚಿಗೆ ಬೆಳ್ಳಗೆ ಹಿಟ್ಟು ಉದುರಿಸಿದ ಹಾಗೆ ಕಾಣುತ್ತದಲ್ಲ, ಅದೇ. ಅಂಥ ಬದುವಿನಿಂದ ಒಂದು ಚೀಲ ಕೆರೆದುಕೊಂಡು ತಂದು, ನೀರಿಗೆ ಹಾಕಿ ತಿಳಿ ಬಸಿದು, ಅರಿಸಿನ ಹಚ್ಚಿದ ಕಾಗದ ಅದ್ದಿದೆ. ಕುಂಕುಮದ ಕೆಂಪು! ಆ ಕೆಂಪು ನೋಡಿ ಆದ ಸಂತೋಷ ಇಷ್ಟಿಷ್ಟಲ್ಲ. ಹಪ್ಪಳಕ್ಕೆ ಮಾತ್ರ ಹಾಕಲಿಲ್ಲ, ಮಣ್ಣಿನಲ್ಲಿ ಇನ್ನೇನೇನು ಇರುತ್ತದೋ. ಮಾವನ ಎರಡು ಪಂಚೆ ಒಗೆದೆ, ಬೆಳ್ಳಗಾದವು. ಬಸ್ಸು, ಊಟ, ಚೀಲ ಸೇರಿ 600 ರೂಪಾಯಿಗೆ ಎರಡು ಪಂಚೆ ಒಗೆದಂತಾಯಿತು.

ನಡುವೆ ಇನ್ನೆರಡು ತಪ್ಪು ಮಾಡಿದೆ. ಬರೀ ಅಡುಗೆ ಸೋಡಾ ಹಾಕಿ ನೋಡಿದ್ದು ಮೊದಲನೆಯದು. ಹಪ್ಪಳ ಬೆಳ್ಳಗೆ ಉಬ್ಬಿ, ಎಣ್ಣೆ ಕುಡಿದು, ಕೈಯಲ್ಲಿ ಹಿಡಿದರೆ ಪುಡಿ. ಹಿಟ್ಟಿಗೆ ಆ ಎಳೆತವೇ ಬರುವುದಿಲ್ಲ. ಕಿರಾಣಿ ಅಂಗಡಿಯ ಬಟ್ಟೆ ಸೋಡಾ ತಂದದ್ದು ಎರಡನೆಯದು. ಹೆಸರಿಗೆ ಅದೂ ಸೋಡಿಯಂ ಕಾರ್ಬೊನೇಟೇ, ಆದರೆ ಒಗೆಯಲು ಮಾಡಿದ್ದು, ತಿನ್ನುವುದಕ್ಕಲ್ಲ. ಪೊಟ್ಟಣದ ಮೇಲೆ ಬರೆದದ್ದನ್ನು ಓದಿದ ನನ್ನವರು ಅರ್ಧ ಕಲಸಿದ ಹಿಟ್ಟನ್ನು ಎತ್ತಿಕೊಂಡು ಹೋಗಿ ತಿಪ್ಪೆಗೆ ಹಾಕಿದರು. ಆವತ್ತು ಸಿಟ್ಟು ಬಂದಿತ್ತು. ಈಗ ಅವರೇ ಸರಿ ಅಂತೀನಿ.

ದಾರಿ ತೋರಿಸಿದ್ದು ಪಕ್ಕದ ಮನೆಯ ಪಿಯುಸಿ ಹುಡುಗ. "ಆಂಟಿ, ಅಡುಗೆ ಸೋಡಾ ಕಾಯಿಸಿದ್ರೆ ನೀರಿನ ಹಬೆ, ಕಾರ್ಬನ್ ಡೈ ಆಕ್ಸೈಡ್ ಎರಡೂ ಹೋಗಿ ಕಾರ್ಬೊನೇಟ್ ಉಳಿಯುತ್ತೆ. 168 ಗ್ರಾಂ ಇದ್ದದ್ದು 106 ಆಗ್ಬೇಕು" ಅಂತ ಕ್ಯಾಲೆಂಡರ್ ಹಿಂದೆ ಬರೆದುಕೊಟ್ಟ. ಅಂದರೆ ನೂರಕ್ಕೆ ಅರವತ್ಮೂರು. ಅವರ ಮೇಷ್ಟ್ರು ಮಾತ್ರ "ಮನೆ ಒಲೆ ಮೇಲೆ ಪೂರ್ತಿ ಆಗಲ್ಲ" ಅಂದರಂತೆ. ಅತ್ತೆಯದ್ದೂ ಅದೇ ರಾಗ: "ಸೋಡಾ ಹುರಿಯೋದು ನಮ್ಮ ಏಳು ತಲೆಮಾರಿನಾಗ ಯಾರೂ ಕಂಡಿಲ್ಲ."

ಕಬ್ಬಿಣದ ಅಗಲ ಬಾಣಲೆಗೆ 500 ಗ್ರಾಂ ಸೋಡಾ ಸುರಿದು ಸಣ್ಣ ಉರಿ ಇಟ್ಟೆ. ಮೊದಲ ಐದು ನಿಮಿಷ ಏನೂ ಇಲ್ಲ. ಆಮೇಲೆ ಪುಡಿಗೆ ಜೀವ ಬಂತು. ಒಣ ಪುಡಿ ನೀರಿನ ಹಾಗೆ ಅಲುಗುತ್ತದೆ, ಸೌಟು ಆಡಿಸಿದರೆ ಮಜ್ಜಿಗೆಯಂತೆ ಹರಿದು ಸಮ ಆಗುತ್ತದೆ. ಅಲ್ಲಲ್ಲಿ ಸಣ್ಣ ಸಣ್ಣ ಗುಂಡಿ ಬಿದ್ದು ಅದರಿಂದ ಪುಸ್ ಪುಸ್ ಅಂತ ಧೂಳು ಚಿಮ್ಮುತ್ತದೆ. ಮೇಲೆ ಸ್ಟೀಲ್ ತಟ್ಟೆ ಹಿಡಿದರೆ ಹನಿ ಕಟ್ಟುತ್ತದೆ. ಅತ್ತೆ ಬಾಗಿಲಲ್ಲೇ ನಿಂತು ನೋಡಿದರು, ಒಳಗೆ ಬರಲಿಲ್ಲ.

ಇಪ್ಪತ್ತು ನಿಮಿಷಕ್ಕೆ ಸಾಕು ಅಂತ ಇಳಿಸಿದ್ದೇ ತಪ್ಪಾಯಿತು. ತೂಗಿದರೆ 410 ಗ್ರಾಂ. ಆ ಅರೆಬೆಂದ ಖಾರದಿಂದ ಮಾಡಿದ ನಾಲ್ಕು ಕೆ.ಜಿ. ಹಪ್ಪಳದಲ್ಲಿ ಅರ್ಧ ಹಾಗೆ, ಅರ್ಧ ಹೀಗೆ. ಆಮೇಲೆ ಗಡಿಯಾರ ನೋಡುವುದು ಬಿಟ್ಟು ತಕ್ಕಡಿ ನೋಡಲು ಕಲಿತೆ. ಅಲುಗಾಟ ನಿಂತು ಪುಡಿ ಮತ್ತೆ ಸತ್ತಂತೆ ಕೂರಬೇಕು, ಎರಡು ಸಲ ತೂಗಿದರೂ ಅದೇ ತೂಕ ಬರಬೇಕು. ಮುಕ್ಕಾಲು ಗಂಟೆಯಿಂದ ಒಂದು ಗಂಟೆ ಹಿಡಿಯುತ್ತದೆ. ಮೂರನೇ ಸಲ 500ಕ್ಕೆ 317 ಬಂತು. ಹುಡುಗನ ಲೆಕ್ಕಕ್ಕೆ ಒಂದೆರಡು ಗ್ರಾಂ ಹೆಚ್ಚು ಅಷ್ಟೆ. ಮೇಷ್ಟ್ರಿಗೆ ಹೇಳಿ ಕಳಿಸಿದೆ, ಉತ್ತರ ಬಂದಿಲ್ಲ.

ರಸಸಾರ ನೋಡುವ ಪಟ್ಟಿ ತರಿಸಿ ನೋಡಿದೆ, 150 ರೂಪಾಯಿ ಇರಬೇಕು. ಅಡುಗೆ ಸೋಡಾ ನೀರು ಎಂಟರ ಮೇಲೆ, ಹುರಿದದ್ದು ಹನ್ನೊಂದರ ಹತ್ತಿರ. ಪಟ್ಟಿ ಇಲ್ಲದವರು ಅರಿಸಿನ ಕಾಗದ ಅದ್ದಿ. ಹುರಿಯದ್ದು ಮಾಸಲು ಕಿತ್ತಳೆ, ಹುರಿದದ್ದು ಕಡುಗೆಂಪು. ಕಬ್ಬಿಣ ಅಥವಾ ಸ್ಟೀಲ್ ಮಾತ್ರ ಬಳಸಿ. ಖಾರವನ್ನು ಒಮ್ಮೆ ಅಲ್ಯೂಮಿನಿಯಂ ಬೋಗುಣಿಯಲ್ಲಿ ನೀರಿಗೆ ಕರಗಿಸಿಟ್ಟಿದ್ದೆ, ಬೆಳಿಗ್ಗೆಯೊಳಗೆ ಬೋಗುಣಿ ಕಪ್ಪಾಗಿ ಗುಳ್ಳೆ ಏಳುತ್ತಿತ್ತು. ಕಲಸುವವರ ಕೈಗೂ ಗಮನ ಕೊಡಿ. ನಮ್ಮಲ್ಲಿ ಇಬ್ಬರ ಬೆರಳ ಸಂದಿ ಬಿರಿದ ಮೇಲೆ, ಖಾರವನ್ನು ನೀರಿನಲ್ಲಿ ಪೂರ್ತಿ ಕರಗಿಸದೆ ಹಿಟ್ಟಿಗೆ ಹಾಕುವುದನ್ನೇ ಬಿಟ್ಟೆ.

ಹುರಿದ ಖಾರವನ್ನು ಒಂದನ್ನೇ ಹಾಕಿದರೆ ಹಿಟ್ಟು ಬಿಗಿ, ಬಣ್ಣ ಗಾಢ. ಸ್ವಲ್ಪ ಹುರಿಯದ ಸೋಡಾ ಬೆರೆತರೇ ಅರಳುವಿಕೆ ಸರಿ ಬರುವುದು. ಎಷ್ಟಕ್ಕೆ ಎಷ್ಟು ಅನ್ನುವುದನ್ನು ಇಲ್ಲಿ ಬರೆಯುವುದಿಲ್ಲ, ಬೇಜಾರು ಮಾಡಿಕೊಳ್ಳಬೇಡಿ. ಆ ಅಳತೆ ಕಂಡುಕೊಳ್ಳಲು ನಾನು ಹನ್ನೊಂದು ಕೆ.ಜಿ. ಉದ್ದಿನ ಹಿಟ್ಟು ಹಾಳು ಮಾಡಿದ್ದೇನೆ, ಕೆ.ಜಿ.ಗೆ 135ರಂತೆ ನೀವೇ ಲೆಕ್ಕ ಹಾಕಿ. ಕರಗಿಸುವ ನೀರಿನಲ್ಲೂ ಒಂದು ಗುಟ್ಟಿದೆ, ಅದೂ ನಮ್ಮ ಮನೆಯದ್ದು.

ಖರ್ಚಿನ ಮಾತು ಹೇಳಬಹುದು. ಬಿಡಿ ಸೋಡಾ ಕೆ.ಜಿ.ಗೆ ಅರವತ್ತು ಎಪ್ಪತ್ತು, ಹುರಿದ ಮೇಲೆ ತೂಕ ಇಳಿಯುವುದರಿಂದ ನೂರರ ಆಚೀಚೆ ಬೀಳುತ್ತದೆ, ಗ್ಯಾಸ್ ಬೇರೆ. ಪೊಟ್ಟಣಕ್ಕಿಂತ ಅಂಥ ಅಗ್ಗವೇನಲ್ಲ. ಆದರೆ ಹೋದ ಸೀಸನ್ನಿನಲ್ಲಿ ಸುಮಾರು 140 ಕೆ.ಜಿ. ಹಿಟ್ಟು ಹೋಯಿತು, ಒಂದು ಬುಟ್ಟಿಯೂ ವಾಪಸ್ ಬರಲಿಲ್ಲ. ಬುಟ್ಟಿ ವಾಪಸ್ ಕಳಿಸಿದ್ದ ಕಂಟ್ರಾಕ್ಟರೇ ಈ ಸಲ ಐದು ಸಾವಿರ ಹಪ್ಪಳ ಹೇಳಿದ್ದಾರೆ. ದರ ಐದು ರೂಪಾಯಿ ಅಂದೆ, ಚೌಕಾಸಿ ಮಾಡಲಿಲ್ಲ. ಅತ್ತೆ ಈಗ ಓಣಿಯವರಿಗೆಲ್ಲ "ನಮ್ಮ ಮನ್ಯಾಗ ಖಾರ ಹುರಿಯೋದು ಮೊದಲಿಂದಾನೂ ಐತಿ" ಅಂತ ಹೇಳಿಕೊಂಡು ಬರುತ್ತಿದ್ದಾರೆ. ಲೆಕ್ಕದ ಪುಸ್ತಕದ ಆ ಸಾಲಿಗೆ ನಾದಿನಿ ಕೆಂಪು ಪೆನ್ನಿನಲ್ಲಿ "ಬಿಳೀದು" ಅಂತ ಸೇರಿಸಿದ್ದಾಳೆ.

ಒಂದು ಎಚ್ಚರಿಕೆ ಮಾತ್ರ ಮರೆತಿದ್ದೆ. ಹುರಿದ ಖಾರ ಗಾಳಿಯ ತೇವ ಎಳೆದುಕೊಳ್ಳುತ್ತದೆ. ಕಳೆದ ಆಷಾಢದಲ್ಲಿ ಡಬ್ಬಿಯ ಮುಚ್ಚಳ ಸಡಿಲ ಬಿಟ್ಟಿದ್ದಕ್ಕೆ ಖಾರ ಗಂಟು ಕಟ್ಟಿ ತೂಕ ಹೆಚ್ಚಿತು, ತೂಗಿ ಹಾಕಿದ್ದು ಕಡಿಮೆ ಬಿತ್ತು, ಆರು ಕೆ.ಜಿ. ಹಪ್ಪಳ ರಟ್ಟಾಯಿತು. ಅಂಥ ಗಂಟನ್ನು ಮತ್ತೆ ಹತ್ತು ನಿಮಿಷ ಹುರಿದು ತೂಗಿದರೆ ಸರಿಹೋಗುತ್ತದೆ. ಮಳೆಗಾಲದಲ್ಲಿ ಡಬ್ಬಿ ತೆರೆದಿಟ್ಟು ನನ್ನನ್ನು ಬೈದರೆ ನಾನು ಜವಾಬ್ದಾರಳಲ್ಲ.